ತುಟಿಯೊಂದು, ಮಾತೊಂದು

ಡಬ್ಬಿಂಗ್ ಬೇಕೇ ಬೇಡವೇ ಎಂಬ ಜಗಳ ಕನ್ನಡಿಗರಿಗೆ ಹೊಸದಲ್ಲ. 1960ರ ದಶಕದಲ್ಲಿ ಅ.ನ.ಕೃ., ಮ. ರಾಮಮೂರ್ತಿ ಮೊದಲಾದವರು ನಡೆಸಿದ ಚಳವಳಿಯ ತರುವಾಯ, ಯಾವ ಕಾನೂನೂ ಇಲ್ಲದೆ, ಚಿತ್ರೋದ್ಯಮದ ಕಟ್ಟುಪಾಡಿನಿಂದಲೇ ಅದು ದಶಕಗಳ ಕಾಲ ದೂರ ಉಳಿಯಿತು. ಕನ್ನಡ ಗ್ರಾಹಕರ ಕೂಟದ ದೂರಿನ ಮೇಲೆ ಭಾರತೀಯ ಸ್ಪರ್ಧಾ ಆಯೋಗವು 2015ರ ಜುಲೈಯಲ್ಲಿ ಈ ಕಟ್ಟುಪಾಡು ಸಲ್ಲದೆಂದು ಆದೇಶಿಸಿತು. 2017ರ ಮಾರ್ಚಿಯಲ್ಲಿ ಅಜಿತ್ ನಟಿಸಿದ ತಮಿಳಿನ ‘ಎನ್ನೈ ಅರಿಂದಾಲ್’, ‘ಸತ್ಯದೇವ್ ಐ.ಪಿ.ಎಸ್.’ ಎಂಬ ಹೆಸರು ಹೊತ್ತು, ಪ್ರತಿಭಟನೆಗಳ ನಡುವೆಯೇ ಕನ್ನಡದಲ್ಲಿ ತೆರೆ ಕಂಡಿತು. ಬೇಕು ಬೇಡಗಳ ವಾದವನ್ನು ಬೆಂಗಳೂರಿನವರಿಗೆ ಬಿಡೋಣ. ಗುಜರಾತಿನಲ್ಲಿರುವ ನಾವು ಕೇಳಬೇಕಾದ ಪ್ರಶ್ನೆಯೇ ಬೇರೆ: ಬಂದಿರುವ ಆ ಕನ್ನಡ ಎಂಥದು? ನಮ್ಮ ಮಕ್ಕಳ ಕಿವಿಗೆ ಅದು ಯಾವ ದಾರಿಯಿಂದ ಬೀಳುತ್ತಿದೆ?

ಬ್ಯಾಂಕು, ರೈಲ್ವೆ, ಓ.ಎನ್.ಜಿ.ಸಿ. ಎಂದು ನೌಕರಿಯ ಬೆನ್ನುಹತ್ತಿ ಅಹಮದಾಬಾದು, ವಡೋದರಾ, ಸೂರತ್ತುಗಳಿಗೆ ಬಂದು ನೆಲೆಸಿದ ನಮ್ಮ ಮನೆಗಳಲ್ಲಿ ಮಕ್ಕಳು ಶಾಲೆಯಲ್ಲಿ ಇಂಗ್ಲಿಷ್, ಬೀದಿಯಲ್ಲಿ ಗುಜರಾತಿ, ಗೆಳೆಯರೊಡನೆ ಹಿಂದಿ ಆಡುತ್ತಾರೆ. ಕನ್ನಡವೆಂದರೆ ಅಮ್ಮ ಊಟಕ್ಕೆ ಕರೆಯುವ ಭಾಷೆ, ಊರಿನಿಂದ ಅಜ್ಜಿ ಫೋನು ಮಾಡಿದಾಗಿನ ಭಾಷೆ. ಅವರಿಗೆ ಅಜಿತ್, ವಿಜಯ್ ಚೆನ್ನಾಗಿ ಗೊತ್ತು, ಆದರೆ ಹಿಂದಿಯಲ್ಲಿ. ನಮ್ಮವನೇ ಆದ ಯಶ್‌ನ 2018ರ ‘ಕೆ.ಜಿ.ಎಫ್.’ ಚಿತ್ರವನ್ನೂ ಅವರಲ್ಲಿ ಬಹುಮಂದಿ ಹಿಂದಿಯಲ್ಲೇ ನೋಡಿದ್ದು. ಇಂಥ ಮಗು ಒಂದು ಹೊಡೆದಾಟದ ಚಿತ್ರವನ್ನು ಎರಡೂವರೆ ಗಂಟೆ ಕನ್ನಡದಲ್ಲಿ ಕೇಳಿದರೆ, ಮೂಲ ತಮಿಳಿನದಾದರೂ ಸರಿಯೇ, ಅದು ಲಾಭವೆಂದೇ ನಮ್ಮ ಮತ. ಕೇಳುವ ಕನ್ನಡ ಮಾತ್ರ ಕನ್ನಡವಾಗಿರಬೇಕು.

ತಮಿಳು ಸೋದರಭಾಷೆ, ಆದ್ದರಿಂದ ಕೆಲಸ ಸುಲಭ ಎಂದು ಕೆಲವರು ತಿಳಿದಿದ್ದಾರೆ. ತುಟಿಗಳನ್ನು ಕೇಳಿ ನೋಡಿ! ತಮಿಳಿನ ‘ಪಾಲ್’ ನಮಗೆ ಹಾಲು, ‘ಪೋ’ ನಮಗೆ ಹೋಗು. ತೆರೆಯ ಮೇಲೆ ನಟನ ತುಟಿ ಕೂಡುವಾಗ ನಮ್ಮ ಹಕಾರ ಬಾಯಿ ತೆರೆದುಕೊಂಡು ಬರುತ್ತದೆ. (ಪಂಪನ ಕಾಲದಲ್ಲಿ ನಾವೂ ‘ಪಾಲ್’ ಎನ್ನುತ್ತಿದ್ದೆವು. ಹಳಗನ್ನಡದಲ್ಲಿ ಡಬ್ ಮಾಡಿದ್ದರೆ ತುಟಿ ಸೊಗಸಾಗಿ ಕೂಡುತ್ತಿತ್ತೇನೋ.) ‘ವಾ’ ಎಂದು ಅವನು ಕರೆದಾಗ ನಮ್ಮ ‘ಬಾ’ ತುಟಿ ಮುಚ್ಚಿ ಹೊರಡಬೇಕು. ಅವರ ಅನೇಕ ಮಾತುಗಳು ವ್ಯಂಜನದಲ್ಲಿ ನಿಲ್ಲುತ್ತವೆ. ನಮ್ಮವು ಸ್ವರ ಎಳೆದು ಮುಗಿಯುತ್ತವೆ. ಹೀಗಾಗಿ ಸಂಭಾಷಣೆ ಬರೆಯುವವನು ತುಟಿ ಆಡುವಷ್ಟು ಹೊತ್ತನ್ನು ತುಂಬಲು ವಿಭಕ್ತಿ ಪ್ರತ್ಯಯಗಳನ್ನೆಲ್ಲ ಪೂರ್ತಿಯಾಗಿ ಹಾಕುತ್ತಾನೆ. ‘ನಿನ್ನ ಸುಮ್ನೆ ಬಿಡಲ್ಲ’ ಎನ್ನಬೇಕಾದ ರೌಡಿ ‘ನಾನು ನಿನ್ನನ್ನು ಸುಮ್ಮನೆ ಬಿಡುವುದಿಲ್ಲ’ ಎಂದು ವ್ಯಾಕರಣ ಒಪ್ಪಿಸುತ್ತಾನೆ. ಆ ಕನ್ನಡ ಮಂಡ್ಯದ್ದಲ್ಲ, ಧಾರವಾಡದ್ದಲ್ಲ, ಮಂಗಳೂರಿನದೂ ಅಲ್ಲ. ಪಾತ್ರದ ಮುಖ ಕಾಣದೆ ಬರಿಯ ಧ್ವನಿ ಕೇಳುವ ಕಡೆ ತುಟಿಯ ಕಾಟವಿಲ್ಲ. ಅಲ್ಲೂ ಅದೇ ಬಿಗುವು ಬಂದರೆ ಅದಕ್ಕೆ ಸೋಮಾರಿತನವೆಂದೇ ಹೆಸರು.

ಬಿ.ಎಸ್ಸಿ.ಯಲ್ಲಿ ಇಲೆಕ್ಟ್ರಾನಿಕ್ಸ್ ಓದಿದವರಿಗೆ 8085 ಮೈಕ್ರೋಪ್ರೊಸೆಸರಿನ ನೆನಪಿರಬಹುದು. ಅದರ ಅಸೆಂಬ್ಲಿ ಭಾಷೆಯಲ್ಲಿ ‘ಎಂ.ವಿ.ಐ. ಎ, 05’ ಎಂದು ಬರೆದರೆ, ‘ಎ’ ಎಂಬ ರಿಜಿಸ್ಟರಿಗೆ ಐದನ್ನು ತುಂಬು ಎಂದರ್ಥ. ಪಟ್ಟಿಯಲ್ಲಿ ನೋಡಿ ಅದನ್ನು ‘3ಇ, 05’ ಎಂದು ಬದಲಿಸಿ ಕೀಲಿ ಒತ್ತಬೇಕು. ಒಂದು ಸಾಲಿಗೆ ಒಂದೇ ಆಜ್ಞೆ. ಡಬ್ಬಿಂಗಿನ ಬರಹಗಾರರು ಮಾಡುತ್ತಿರುವುದು ಇದನ್ನೇ ಎಂದು ನಗೆಯಾಡುವವರಿದ್ದಾರೆ. ನಮಗೆ ಈ ಹೋಲಿಕೆ ಯಂತ್ರಕ್ಕೆ ಮಾಡಿದ ಅನ್ಯಾಯವೆಂದು ತೋರುತ್ತದೆ! ಮುಂದೆಲ್ಲೋ ಇರುವ ಸಾಲಿಗೆ ಹಾರು ಎಂಬ ಆಜ್ಞೆ ಬಂದರೆ, ಆ ಸಾಲು ಯಾವ ವಿಳಾಸದಲ್ಲಿ ಬೀಳುತ್ತದೆಂದು ಆಗಲೇ ತಿಳಿಯುವುದಿಲ್ಲ. ಆದ್ದರಿಂದ ಈ ತರ್ಜುಮೆಗೆಂದೇ ಬರೆದ ಅಸೆಂಬ್ಲರ್ ಎಂಬ ಪ್ರೋಗ್ರಾಂ ಸಾಮಾನ್ಯವಾಗಿ ಇಡೀ ಬರಹವನ್ನು ಎರಡು ಸಲ ಓದುತ್ತದೆ: ಮೊದಲು ಎಲ್ಲಿ ಏನಿದೆ ಎಂದು ಗುರುತಿಟ್ಟುಕೊಳ್ಳಲು, ಆಮೇಲೆ ತರ್ಜುಮೆಗೆ. ಚಿತ್ರದ ಕೊನೆಯಲ್ಲಿ ನಾಯಕ ಆಡುವ ಮಾತು ಮೊದಲ ದೃಶ್ಯದ ಯಾವ ಮಾತಿಗೆ ಉತ್ತರವೆಂದು ತಿಳಿಯದೆ ಸಾಲುಸಾಲಾಗಿ ಕನ್ನಡಿಸುವವನು ಅಷ್ಟನ್ನೂ ಮಾಡಿರುವುದಿಲ್ಲ.

ಇಷ್ಟು ದೋಷಗಳಿದ್ದರೂ ಈ ಕಸುಬು ತಿದ್ದಿಕೊಳ್ಳುವ ಅವಕಾಶವಿದೆ, ನೋಡುವವರು ಹಣ ಕೊಟ್ಟರೆ. ಆದರೆ ನಮ್ಮ ಮನೆಗಳಿಗೆ ಚಿತ್ರಗಳು ಬರುವುದು ಬಹುಮಟ್ಟಿಗೆ ಯಾರೋ ಕಳಿಸಿದ ಕೊಂಡಿಯಿಂದ, ಇಲ್ಲವೇ ಕೈಯಿಂದ ಕೈಗೆ ಹೋಗುವ ಪೆನ್‌ಡ್ರೈವಿನಿಂದ. ಡಬ್ ಆದ ಚಿತ್ರದಲ್ಲಿ ಕನ್ನಡದವರು ಹೊಸದಾಗಿ ಮಾಡಿದ್ದೆಂದರೆ ಮುಖ್ಯವಾಗಿ ಧ್ವನಿ. ಥಿಯೇಟರಿನೊಳಗೆ ಕದ್ದು ಚಿತ್ರಿಸಿದ ಪ್ರತಿಯಲ್ಲಿ ಮೊದಲು ಕೆಡುವುದೂ ಅದೇ. ಸಿಳ್ಳೆ, ಕೆಮ್ಮು, ಹಿಂದಿನ ಸಾಲಿನವರ ಫೋನು ಎಲ್ಲವೂ ನಾಯಕನ ಮಾತಿನ ಮೇಲೆ ಬಿದ್ದಿರುತ್ತವೆ. ಅದನ್ನು ಕೇಳಿ ‘ಡಬ್ಬಿಂಗ್ ಕನ್ನಡ ಚೆನ್ನಾಗಿಲ್ಲ’ ಎಂದು ತೀರ್ಪು ಕೊಡುವುದು, ಹರಿದ ಕಾಗದದಲ್ಲಿ ಕಟ್ಟಿಕೊಂಡು ಬಂದ ದೋಸೆಯನ್ನು ತಿಂದು ಹೋಟೆಲನ್ನು ಬಯ್ದಂತೆ. 2023ರ ಸಿನಿಮಾಟೊಗ್ರಾಫ್ ತಿದ್ದುಪಡಿ ಕಾಯಿದೆಯ ಪ್ರಕಾರ ಹೀಗೆ ಕದ್ದು ಚಿತ್ರಿಸಿದವನಿಗೆ ಮೂರು ತಿಂಗಳಿಂದ ಮೂರು ವರ್ಷದವರೆಗೆ ಸೆರೆ, ಕನಿಷ್ಠ 3 ಲಕ್ಷ ರೂಪಾಯಿ ದಂಡ. ದಂಡವು ನಿರ್ಮಾಣದ ಒಟ್ಟು ವೆಚ್ಚದ ಶೇಕಡಾ 5ರವರೆಗೂ ಏರಬಹುದು.

ಹಬ್ಬದ ಸಂಜೆ ಕನ್ನಡ ಕೂಟಗಳಲ್ಲಿ ಮಕ್ಕಳನ್ನು ಕೂರಿಸಿ ಇಂಥ ಪ್ರತಿಯನ್ನು ತೋರಿಸಿದ್ದನ್ನು ನಾವು ಕಂಡಿದ್ದೇವೆ. ಕನ್ನಡದ ಹೆಸರಿನಲ್ಲಿ ಕನ್ನಡ ಧ್ವನಿ ಕೊಟ್ಟ ಕಲಾವಿದರ ಕೂಲಿಯನ್ನೇ ಕದ್ದಂತಾಯಿತಲ್ಲ! ಮನೆಯಲ್ಲಿ ಚಂದಾ ಕಟ್ಟಿ ನೋಡುವವರು ಧ್ವನಿಯ ಪಟ್ಟಿಯಲ್ಲಿ ಕನ್ನಡವಿದೆಯೇ ಎಂದು ಒಮ್ಮೆ ಹುಡುಕಲಿ. ಎಷ್ಟೋ ಚಿತ್ರಗಳಲ್ಲಿ ಇರುತ್ತದೆ, ನಾವೇ ಒತ್ತುವುದಿಲ್ಲ. ಸಂಘದ ಪ್ರದರ್ಶನಕ್ಕಾದರೆ ಹಕ್ಕುದಾರರಿಗೆ ಮೊದಲೇ ಪತ್ರ ಬರೆದು ಅನುಮತಿ ಕೇಳಬಹುದು. ಮುಂದಿನ ರಾಜ್ಯೋತ್ಸವಕ್ಕೆ ಒಂದು ಕನ್ನಡ ಚಿತ್ರ, ಒಂದು ಡಬ್ ಆದ ಚಿತ್ರ ಎಂದು ಎರಡನ್ನು ಆರಿಸಿ ಕಾರ್ಯಕಾರಿ ಸಮಿತಿ ಈಗಲೇ ಬರೆಯಲಿ. ಪತ್ರದ ಕರಡನ್ನು ನಾವು ಸಿದ್ಧಮಾಡಿ ಕೊಡುತ್ತೇವೆ. ಕಚೇರಿಯಲ್ಲಿ ದಿನವೂ ಮಾಡುವ ಕೆಲಸವೇ ಅದು.