ಹೊಸ್ತಿಲು ದಾಟಿದ ಅತಿಥಿ: ಪಿ. ಶೇಷಾದ್ರಿಯವರ ಚಿತ್ರಗಳು

ಕನ್ನಡದ ಹೊಸ ಅಲೆಯ ಸಿನಿಮಾ ಆರಂಭದಿಂದಲೂ ಸಾಹಿತ್ಯದ ಆಸರೆಯಲ್ಲಿ ಬೆಳೆದುಬಂದಿದೆ. ‘ಸಂಸ್ಕಾರ’ (1970), ‘ವಂಶವೃಕ್ಷ’ (1971) ಚಿತ್ರಗಳ ಹಿಂದೆ ಪ್ರಸಿದ್ಧ ಕಾದಂಬರಿಗಳಿದ್ದವು. ತುಮಕೂರು ಜಿಲ್ಲೆಯ ದಂಡಿನಶಿವರದ ಪಿ. ಶೇಷಾದ್ರಿಯವರೂ ಬೊಳುವಾರು ಮಹಮದ್ ಕುಂಞಿಯವರ ಕಥೆಯನ್ನಾಧರಿಸಿದ ‘ಮುನ್ನುಡಿ’ಯಿಂದಲೇ (2000) ಗುರುತಿಸಿಕೊಂಡರು. ಅಲ್ಲಿಂದ ‘ಡಿಸೆಂಬರ್-1’ರವರೆಗಿನ (2013) ಎಂಟು ಚಿತ್ರಗಳಿಗೂ ರಾಷ್ಟ್ರಪ್ರಶಸ್ತಿ ಸಂದಿತು. ಪ್ರಶಸ್ತಿಗಳ ಈ ಪಟ್ಟಿಯೇ ಮುಂದಾಗಿ, ಚಿತ್ರಗಳ ನಡುವಣ ಒಳಸಂಬಂಧ ಮರೆಗೆ ಸರಿದಿದೆ.

ಹೊರಗಿನವನೊಬ್ಬ ಹೊಸ್ತಿಲು ದಾಟಿ ಒಳಬಂದಾಗ ಮನೆಗೆ ಏನಾಗುತ್ತದೆ ಎಂಬುದು ಇವುಗಳಲ್ಲಿ ಮರುಕಳಿಸುವ ಪ್ರಶ್ನೆ. ‘ಮುನ್ನುಡಿ’ಯಲ್ಲಿ ಕರಾವಳಿಯ ಹೆಣ್ಣನ್ನು ಮದುವೆಯಾಗಿ ಬಿಟ್ಟುಹೋಗುವ ಅರಬ್ ವ್ಯಾಪಾರಿ, ‘ಅತಿಥಿ’ಯಲ್ಲಿ (2002) ವೈದ್ಯನ ಮನೆಹೊಕ್ಕ ಭಯೋತ್ಪಾದಕ, ‘ಭಾರತ್ ಸ್ಟೋರ್ಸ್’ನಲ್ಲಿ (2012) ಕಿರಾಣಿ ಅಂಗಡಿಯನ್ನು ನುಂಗುವ ದೊಡ್ಡ ಬಂಡವಾಳ.

ಈ ಪ್ರಶ್ನೆ ಅತ್ಯಂತ ತೀಕ್ಷ್ಣವಾಗುವುದು ಶೇಷಾದ್ರಿಯವರೇ ಬರೆದ ‘ಡಿಸೆಂಬರ್-1’ರಲ್ಲಿ. ಇಲ್ಲಿ ಅತಿಥಿ ಸ್ವತಃ ಮುಖ್ಯಮಂತ್ರಿ. 2006–07ರಲ್ಲಿ ಎಚ್.ಡಿ. ಕುಮಾರಸ್ವಾಮಿಯವರ ಗ್ರಾಮವಾಸ್ತವ್ಯವನ್ನು ಕಂಡ ನಾಡಿಗೆ ಈ ಸನ್ನಿವೇಶ ಅಪರಿಚಿತವಲ್ಲ. ಬಸಾಪುರದ ಮಾದೇವಪ್ಪ ಗಿರಣಿಯಲ್ಲಿ ದುಡಿಯುವವನು, ದೇವಕ್ಕ ರೊಟ್ಟಿ ಮಾರುವವಳು. ಬಡವರ ಮನೆಗೆ ಇಂಥ ಭಾಗ್ಯ ಬಂದುದೇಕೆ ಎಂಬುದು ಆಮೇಲೆ ತಿಳಿಯುತ್ತದೆ: ದಂಪತಿಗಳಿಗೆ ಎಚ್‌ಐವಿ ಸೋಂಕಿದೆ. ವಿಶ್ವ ಏಡ್ಸ್ ದಿನವೇ ಚಿತ್ರದ ಹೆಸರು. ಗುಟ್ಟು ರಟ್ಟಾದೊಡನೆ ಊರು ದೂರ ಸರಿಯುತ್ತದೆ.

ದೇವಕ್ಕನ ಕಸುಬಿನ ಆಯ್ಕೆಯಲ್ಲಿ ಬರಹಗಾರನ ಸೂಕ್ಷ್ಮತೆಯಿದೆ. ಕೆರೂರ, ಬಾದಾಮಿ, ಹುನಗುಂದ, ಇಳಕಲ್ಲಿನಂಥ ಜೋಳದ ಸೀಮೆಯ ಓದುಗರಿಗೆ ಇದನ್ನು ವಿವರಿಸಬೇಕಿಲ್ಲ. ಅಂಗೈಯಿಂದ ಬಡಿದ ರೊಟ್ಟಿಯನ್ನು ಕೊಳ್ಳುವವರು ಬಡಿದ ಕೈಯನ್ನೂ ನಂಬಿರುತ್ತಾರೆ. ಸೋಂಕು ಅನ್ನದಿಂದ ಹರಡದು. ಆದರೂ ಭಯ ಮೊದಲು ಮುಟ್ಟುವುದು ಆ ಬುಟ್ಟಿಯನ್ನೇ. ರೋಗಕ್ಕಿಂತ ಮುಂಚೆ ಪ್ರಚಾರವೇ ಈ ಕುಟುಂಬದ ಅನ್ನವನ್ನು ಕಸಿಯುತ್ತದೆ.

ಕೊರತೆ ಇಲ್ಲದಿಲ್ಲ. ಊರಿನ ನಡತೆ ಒಮ್ಮೆಲೇ, ಒಂದೇ ದಿಕ್ಕಿಗೆ ಹೊರಳುತ್ತದೆ. ಒಳಗೊಳಗೇ ಅಳುಕುವ ನೆರೆಯವರಿಗೆ ಇನ್ನಷ್ಟು ಎಡೆಯಿರಬೇಕಿತ್ತು. ವಿಷಯವನ್ನು ಮಾತಿನಲ್ಲಿ ಬಿಡಿಸಿಹೇಳುವ ಚಪಲ ಹಿಂದಿನ ಚಿತ್ರಗಳಂತೆ ಇಲ್ಲಿಯೂ ಉಳಿದಿದೆ. ಆದರೆ ಅಧಿಕಾರದ ಸಹಾನುಭೂತಿಯೇ ಹಿಂಸೆಯಾಗುವ ಬಗೆಯನ್ನು ಇಷ್ಟು ಹತ್ತಿರದಿಂದ ಕಂಡ ಕನ್ನಡ ಚಿತ್ರಗಳು ವಿರಳ. ಶ್ರೇಷ್ಠ ಸ್ವತಂತ್ರ ಚಿತ್ರಕಥೆಯ ರಾಷ್ಟ್ರಪ್ರಶಸ್ತಿಯೂ ಇದಕ್ಕೇ ಬಂದಿತು. 2019ರಲ್ಲಿ ಅವರು ಮತ್ತೆ ಕಾರಂತರ ‘ಮೂಕಜ್ಜಿಯ ಕನಸುಗಳು’ ಕಾದಂಬರಿಯತ್ತ ಹೊರಳಿದರು.