ತಾಯಿಯ ಅಪ್ಪಣೆ: 'ಮನೋಹರ'ದಿಂದ 'ಮನ್ನನ್'ವರೆಗೆ

ನಾನು ತಾಳವಾಡಿ ಕಡೆಯವಳು. ಮನೆಯಲ್ಲಿ 'ಅವ್ವ' ಅಂತ ಕರೀತಾ, ಟಿವಿಯಲ್ಲಿ 'ಅಮ್ಮಾ' ಕೇಳ್ತಾ ಬೆಳೆದವಳು. ತಮಿಳು ಸಿನಿಮಾದ ತಾಯಿ-ಮಗನ ಸಂಬಂಧ ಅಂದ್ರೆ ಮಮತೆ, ತ್ಯಾಗ, ಕಣ್ಣೀರು ಅಂತ ಹೇಳಿ ಮುಗಿಸಿಬಿಡ್ತೇವೆ. ನನ್ನ ಪ್ರಶ್ನೆ ಬೇರೆ: ಆ ತಾಯಿ ಮಗನಿಗೆ ಏನು ಮಾಡಲು ಅಪ್ಪಣೆ ಕೊಡುತ್ತಾಳೆ?

'ಮನೋಹರ' (1954) ನೋಡಿ. ಕರುಣಾನಿಧಿಯವರ ಸಂಭಾಷಣೆ, ಎಲ್.ವಿ. ಪ್ರಸಾದ್ ನಿರ್ದೇಶನ. ಇನ್ನೊಬ್ಬಳಿಗೆ ಮರುಳಾದ ರಾಜ ರಾಣಿಯನ್ನು ಅವಮಾನಿಸುತ್ತಾನೆ. ಮಗ ಶಿವಾಜಿ ಗಣೇಶನ್ ಕೋಪವನ್ನು ಹಿಡಿದಿಟ್ಟಿರುವುದು ತಾಯಿ ಕಣ್ಣಾಂಬಾಳ ಮಾತು. ಕೊನೆಗೆ ಅವಳು ಆ ತಡೆ ತೆಗೆದಾಗಲೇ ಅವನು ಸರಪಳಿ ಕಿತ್ತುಕೊಂಡು ಬರೋದು. ಇಲ್ಲಿ ತಾಯಿ ಅಳುವವಳಷ್ಟೇ ಅಲ್ಲ, ತೀರ್ಪು ಕೊಡುವವಳು. ಆದರೆ ಅಲ್ಲೂ ಶತ್ರು ಇನ್ನೊಬ್ಬ ಹೆಣ್ಣೇ ಅನ್ನೋದನ್ನು ಮರೆಯಬಾರದು.

'ಮನ್ನನ್' (1992) ರಾಜ್‌ಕುಮಾರ್ ಅವರ 'ಅನುರಾಗ ಅರಳಿತು' (1986) ಚಿತ್ರದ ತಮಿಳು ರೂಪ. ಕಾಯಿಲೆಯ ತಾಯಿಯನ್ನು ರಜನಿಕಾಂತ್ ಮಗುವಿನ ಹಾಗೆ ನೋಡಿಕೊಳ್ಳುತ್ತಾರೆ. ಆ ಪ್ರೀತಿ ಸುಳ್ಳು ಅಂತ ನಾನು ಹೇಳ್ತಿಲ್ಲ. ಗಂಡಸೊಬ್ಬ ಸಂಕೋಚವಿಲ್ಲದೆ ಆರೈಕೆ ಮಾಡುವುದು ನಮ್ಮ ತೆರೆಯ ಮೇಲೆ ಅಪರೂಪ. ಆದರೆ ಆ ಸೇವೆ ಕತೆಯಲ್ಲಿ ಇನ್ನೊಂದು ಕೆಲಸವನ್ನೂ ಮಾಡುತ್ತೆ. ತಾಯಿಯನ್ನು ಇಷ್ಟು ನೋಡಿಕೊಳ್ಳುವವನು ಕೆಟ್ಟವನಾಗಿರಲಾರ ಅಂತ ನಾವು ಮೊದಲೇ ಒಪ್ಪಿಬಿಡ್ತೇವೆ. ಆಮೇಲೆ ಕಾರ್ಖಾನೆಯ ಒಡತಿಗೆ ಅವನು ಹೊಡೆದರೂ, ಅವನನ್ನು ಮದುವೆಯಾದ ಅವಳು ಕೊನೆಗೆ ಅಧಿಕಾರ ಬಿಟ್ಟು ಗೃಹಿಣಿಯಾದರೂ ಅನ್ಯಾಯ ಅನಿಸೋದಿಲ್ಲ. ತಾಯಿ ಬಾಯಿ ಬಿಟ್ಟು ಅಪ್ಪಣೆ ಕೊಡಬೇಕಾಗಿಯೇ ಇಲ್ಲ. ಅವಳು ಇದ್ದರೆ ಸಾಕು.

ಎರಡೂ ಭಾಷೆಯಲ್ಲಿ ಆ ತಾಯಿ ಪಂಡರಿಬಾಯಿ, ಭಟ್ಕಳದವರು. ಶಿವಾಜಿಯ ಮೊದಲ ಚಿತ್ರ 'ಪರಾಶಕ್ತಿ'ಯ (1952) ನಾಯಕಿ. ರಾಜ್‌ಕುಮಾರ್ ನಾಯಕರಾದ ಮೊದಲ ಚಿತ್ರ 'ಬೇಡರ ಕಣ್ಣಪ್ಪ'ದ (1954) ನಾಯಕಿಯೂ ಅವರೇ. 32 ವರ್ಷದ ನಂತರ ಅದೇ ರಾಜ್‌ಕುಮಾರ್‌ಗೆ ತಾಯಿ! ನಾಯಕ ನಾಯಕನಾಗಿಯೇ ಉಳಿದ, ನಾಯಕಿ ಅವನ ತಾಯಿಯಾದಳು. ಗಡಿಯ ಎರಡೂ ಕಡೆ ಲೆಕ್ಕ ಒಂದೇ. ಹೀಗಿರುವಾಗ ಇದನ್ನು ಬರೀ ತಮಿಳು ಸಂಸ್ಕೃತಿಯ ಗುಣ ಅಂತ ನಾವು ದೂರ ನಿಂತು ಹೇಳೋಕಾಗಲ್ಲ.

ಚಾಟ್‌ನಲ್ಲಿ ಒಬ್ಬರು 'ದಳಪತಿ' (1991) ಬಗ್ಗೆ ಕೇಳಿದ್ದಾರೆ. ಒಳ್ಳೇ ಪ್ರಶ್ನೆ. ಅಲ್ಲಿ ಶ್ರೀವಿದ್ಯಾ ಹಸುಗೂಸನ್ನು ಗೂಡ್ಸ್ ರೈಲಿನಲ್ಲಿ ಬಿಟ್ಟ ತಾಯಿ, ಕರ್ಣನ ಕತೆಯ ಕುಂತಿ. ಮಗನಿಗೆ ಅಪ್ಪಣೆ ಕೊಡುವ ಅಧಿಕಾರ ಅವಳಿಗಿಲ್ಲ. ಅವನ ಮುಂದೆ ಅವಳೂ ತಪ್ಪು ಮಾಡಿದ ಒಬ್ಬ ಮನುಷ್ಯಳು. ಅದಕ್ಕೇ ಆ ಇಬ್ಬರ ನಡುವೆ ನನಗೆ ಪೂಜೆ ಕಾಣಲ್ಲ, ಸಂಬಂಧ ಕಾಣುತ್ತೆ.