ಎಣಿಕೆಯ ಚಿತ್ರ, ಎಣಿಕೆಯ ನುಡಿ: ಗಣಿತದ ಚಿತ್ರಪುಸ್ತಕಗಳು ಮತ್ತು ಗಡಿನಾಡ ಕನ್ನಡದ ಮಗು

ಮಗ್ಗಿಯ ಬಾಯಿಪಾಠದ ಆಚೆಗೆ ಗಣಿತವನ್ನು ಹುಡುಕುವ ಪ್ರಯತ್ನ ಭಾರತದ ಶಿಕ್ಷಣ ಚಿಂತನೆಗೆ ಹೊಸತಲ್ಲ. ಲೆಕ್ಕ ಮಾಡುವ ವಿಧಾನಗಳಿಗಿಂತ ಮಗುವಿನ ಆಲೋಚನೆಯನ್ನೇ ಗಣಿತೀಯಗೊಳಿಸುವುದು ಮುಖ್ಯವೆಂದು 2005ರ ರಾಷ್ಟ್ರೀಯ ಪಠ್ಯಕ್ರಮ ಚೌಕಟ್ಟು ಹೇಳಿತು. ಅದರ ಬೆನ್ನಿಗೆ ಬಂದ ಎನ್‌ಸಿಇಆರ್‌ಟಿಯ ‘ಮ್ಯಾಥ್ ಮ್ಯಾಜಿಕ್’ ಪಠ್ಯಗಳು ಮೀನುಗಾರಿಕೆ, ಇಟ್ಟಿಗೆ ಕೆಲಸ, ಪ್ರವಾಸಗಳ ಮೂಲಕ ಲೆಕ್ಕವನ್ನು ಬದುಕಿನ ಹತ್ತಿರಕ್ಕೆ ತಂದವು. 2021ರ ‘ನಿಪುಣ್ ಭಾರತ್’ ಯೋಜನೆ ಅಕ್ಷರಜ್ಞಾನದ ಜೊತೆಗೆ ಸಂಖ್ಯಾಜ್ಞಾನವನ್ನೂ ಬುನಾದಿ ಕಲಿಕೆಯೆಂದು ಪರಿಗಣಿಸಿತು. ಈ ಅವಧಿಯಲ್ಲಿಯೇ ಚಿತ್ರಪುಸ್ತಕಗಳಿಗೂ ಒಂದು ಸ್ಥಾನ ದೊರೆಯಿತು. 2004ರಲ್ಲಿ ಆರಂಭವಾದ ಪ್ರಥಮ್ ಬುಕ್ಸ್, 2015ರಲ್ಲಿ ಅದು ತೆರೆದ ‘ಸ್ಟೋರಿವೀವರ್’ ಎಂಬ ಮುಕ್ತ ಪುಸ್ತಕ ಭಂಡಾರ, ಚೆನ್ನೈನ ತೂಲಿಕಾ ಪ್ರಕಾಶನ ಇವುಗಳಿಂದಾಗಿ ಕನ್ನಡದ ಮಗುವಿಗೂ ಬಣ್ಣದ ಪುಸ್ತಕಗಳು ದೊರೆಯತೊಡಗಿದವು.

ಆದರೆ ಪುಸ್ತಕಗಳು ಹೆಚ್ಚಿದಷ್ಟು ಅವುಗಳ ವಿಮರ್ಶೆ ಬೆಳೆಯಲಿಲ್ಲ. ಮಕ್ಕಳ ಗಣಿತದ ಪುಸ್ತಕವೆಂದರೆ ‘ಉಪಯುಕ್ತ’, ‘ಆಕರ್ಷಕ’ ಎಂಬ ಎರಡು ವಿಶೇಷಣಗಳಲ್ಲಿ ಮಾತು ಮುಗಿದುಹೋಗುತ್ತದೆ. ಪುಸ್ತಕದಲ್ಲಿ ಗಣಿತವಿರುವುದು ಎಲ್ಲಿ, ಅದರಲ್ಲಿ ನುಡಿಯ ಪಾಲು ಎಷ್ಟು ಎಂಬ ಪ್ರಶ್ನೆಗಳು ಬದಿಗೆ ಉಳಿಯುತ್ತವೆ. ಒಂದು ಭಾಷೆಯಲ್ಲಿ ಕತೆ ಕೇಳಿ ಇನ್ನೊಂದು ಭಾಷೆಯಲ್ಲಿ ಚಿಲ್ಲರೆ ಎಣಿಸುವ ಗಡಿನಾಡಿನ ಮಗುವಿನ ಎದುರು ಈ ಪ್ರಶ್ನೆಗಳನ್ನು ಇಟ್ಟಾಗಲೇ ಅವುಗಳ ತೂಕ ತಿಳಿಯುವುದು.

ಗಣಿತದ ಚಿತ್ರಪುಸ್ತಕಗಳಲ್ಲಿ ಎರಡು ಬಗೆಯನ್ನು ಗುರುತಿಸಬಹುದು. ಒಂದರಲ್ಲಿ ಕತೆ ಬೇರೆ, ಲೆಕ್ಕ ಬೇರೆ. ಮೊಲವೋ ಆನೆಯೋ ಪುಟಪುಟಕ್ಕೂ ನಿಂತು ಪ್ರಶ್ನೆ ಕೇಳುತ್ತದೆ, ಕೊನೆಯ ಪುಟದಲ್ಲಿ ಅಭ್ಯಾಸದ ಪಟ್ಟಿ ಕಾದಿರುತ್ತದೆ. ಇದು ಬಣ್ಣ ಬಳಿದ ಪಠ್ಯಪುಸ್ತಕ. ಮತ್ತೊಂದರಲ್ಲಿ ಗಣಿತವನ್ನು ತೆಗೆದರೆ ಕತೆಯೇ ಕುಸಿಯುತ್ತದೆ. ಎರಡನೆಯ ಬಗೆಯ ಮೂರು ಪ್ರಸಿದ್ಧ ಕೃತಿಗಳನ್ನು ಕನ್ನಡದ ಕಣ್ಣಿನಿಂದ ಓದಿದರೆ, ಅನುವಾದದಲ್ಲಿ ಯಾವುದು ದಾಟುತ್ತದೆ, ಯಾವುದನ್ನು ಮತ್ತೆ ಕಟ್ಟಬೇಕಾಗುತ್ತದೆ ಎಂಬುದು ಕಾಣುತ್ತದೆ.

ಜಪಾನಿನ ಮಿತ್ಸುಮಾಸಾ ಆನೊ 1975ರಲ್ಲಿ ಪ್ರಕಟಿಸಿದ ಎಣಿಕೆಯ ಪುಸ್ತಕದಲ್ಲಿ ಕತೆ ಹೇಳುವ ಮಾತುಗಳೇ ಇಲ್ಲ. ಮೊದಲ ಚಿತ್ರ ಹಿಮ ಮುಚ್ಚಿದ ಬರಿಯ ಬಯಲು, ಅದೇ ಸೊನ್ನೆ. ಪುಟ ಮಗುಚಿದಂತೆ ಆ ಬಯಲಿನಲ್ಲಿ ಒಂದು ಮನೆ, ಒಂದು ಮರ ಮೂಡಿ, ಹನ್ನೆರಡರ ಹೊತ್ತಿಗೆ ಊರೇ ತುಂಬಿಕೊಳ್ಳುತ್ತದೆ. ತಿಂಗಳುಗಳು, ಋತುಗಳು, ಗಡಿಯಾರದ ಮುಳ್ಳು ಎಲ್ಲವೂ ಎಣಿಕೆಯ ಜೊತೆಗೇ ಮುನ್ನಡೆಯುತ್ತವೆ. ಆದೋನಿಯ ಮಗು ಹಿಮ ಕಂಡಿಲ್ಲವೆಂಬುದು ಇಲ್ಲಿ ದೊಡ್ಡ ತೊಡಕಲ್ಲ. ಏನೂ ಇಲ್ಲದಿರುವುದೂ ಒಂದು ಸಂಖ್ಯೆ ಎಂಬ ಕಠಿಣ ವಿಚಾರವನ್ನು ವಿವರಣೆಯಿಲ್ಲದೆ ಕಣ್ಣಿಗೆ ಕಾಣಿಸಿರುವುದೇ ಇದರ ಸಾಧನೆ. ಕನ್ನಡದ ಎಣಿಕೆಯ ಶಿಶುಪ್ರಾಸಗಳೊಂದಿಗೆ ಇದನ್ನು ಹೋಲಿಸಬಹುದು. ಪ್ರಾಸ ಸಂಖ್ಯೆಗಳ ಹೆಸರನ್ನೂ ಸರದಿಯನ್ನೂ ನಾಲಿಗೆಗೆ ಕೂರಿಸುತ್ತದೆ. ಆದರೆ ಐದು ಎಂದರೆ ಎಷ್ಟು ಎಂದು ತೋರಿಸಲಾರದು. ಪ್ರಾಸಕ್ಕೆ ಸೊನ್ನೆಯಿಂದ ಆರಂಭಿಸುವ ಅಗತ್ಯವೂ ಇಲ್ಲ. ಕಿವಿ ಕೊಡುವ ಕ್ರಮಕ್ಕೆ ಕಣ್ಣು ಪ್ರಮಾಣವನ್ನು ಸೇರಿಸಬೇಕು. ಚಿತ್ರಪುಸ್ತಕದ ಕೆಲಸ ಅಲ್ಲಿ ಆರಂಭವಾಗುತ್ತದೆ.

ಪ್ಯಾಟ್ ಹಚಿನ್ಸ್ ಅವರ ‘ದ ಡೋರ್‌ಬೆಲ್ ರ್‍ಯಾಂಗ್’ (1986) ಭಾಗಾಕಾರದ ಕತೆ. ತಾಯಿ ಮಾಡಿದ ಹನ್ನೆರಡು ಬಿಸ್ಕತ್ತುಗಳನ್ನು ಇಬ್ಬರು ಮಕ್ಕಳು ಹಂಚಿಕೊಳ್ಳುವಷ್ಟರಲ್ಲಿ ಕರೆಗಂಟೆ ಕೇಳುತ್ತದೆ. ಮಕ್ಕಳು ಇಬ್ಬರಿದ್ದವರು ನಾಲ್ವರಾಗುತ್ತಾರೆ, ಆರು ಮಂದಿಯಾಗುತ್ತಾರೆ, ಹನ್ನೆರಡು ಮಂದಿಯಾಗುತ್ತಾರೆ. ಪ್ರತಿಯೊಬ್ಬರ ಪಾಲು ಆರರಿಂದ ಮೂರಕ್ಕೆ, ಎರಡಕ್ಕೆ, ಒಂದಕ್ಕೆ ಇಳಿಯುತ್ತದೆ. ಮತ್ತೊಮ್ಮೆ ಗಂಟೆ ಮೊಳಗಿದಾಗ ಇನ್ನು ಹಂಚುವುದು ಹೇಗೆಂಬ ಆತಂಕ ಓದುವ ಮಗುವಿನದೂ ಆಗುತ್ತದೆ. ಆ ಆತಂಕವೇ ಗಣಿತ. ಬಾಗಿಲಲ್ಲಿ ನಿಂತಿರುವುದು ತಟ್ಟೆ ತುಂಬ ಬಿಸ್ಕತ್ತು ಹೊತ್ತ ಅಜ್ಜಿ ಎಂಬ ಮುಕ್ತಾಯದಲ್ಲಿ ಸಮಸ್ಯೆಯೂ ಮಮತೆಯೂ ಒಟ್ಟಿಗೆ ಬಗೆಹರಿಯುತ್ತವೆ.

ಇದನ್ನು ಕನ್ನಡಕ್ಕೆ ತರುವಾಗ ಬಿಸ್ಕತ್ತನ್ನು ಚಕ್ಕುಲಿಯಾಗಿಸುವುದು ಮೇಲುಮೇಲಿನ ಕೆಲಸ. ನಿಜವಾದ ಅವಕಾಶವಿರುವುದು ವ್ಯಾಕರಣದಲ್ಲಿ. ಇಂಗ್ಲಿಷಿನಲ್ಲಿ ಮನುಷ್ಯರಿಗೂ ವಸ್ತುಗಳಿಗೂ ಸಂಖ್ಯಾವಾಚಕ ಒಂದೇ. ಕನ್ನಡದಲ್ಲಿ ಮಕ್ಕಳು ನಾಲ್ವರು, ಚಕ್ಕುಲಿ ನಾಲ್ಕು. ತಲಾ ಎಷ್ಟೆಂಬುದನ್ನು ಹೇಳಲು ಕನ್ನಡ ಸಂಖ್ಯೆಯನ್ನೇ ಇಮ್ಮಡಿಸುತ್ತದೆ: ಆರಾರು, ಎರಡೆರಡು, ಒಂದೊಂದು. ‘ಇಬ್ಬರಿಗೆ ಆರಾರು’ ಎಂಬ ಎರಡೇ ಪದಗಳಲ್ಲಿ ಭಾಜಕ ಯಾವುದು, ಭಾಗಲಬ್ಧ ಯಾವುದು ಎಂಬುದು ಪದರೂಪದಿಂದಲೇ ಬೇರ್ಪಡುತ್ತದೆ. ಇಂಗ್ಲಿಷಿನ ವಾಕ್ಯವನ್ನು ಪದಕ್ಕೆ ಪದವಿಟ್ಟು ತಂದವರು ‘ನಾಲ್ಕು ಮಕ್ಕಳು, ಪ್ರತಿಯೊಬ್ಬರಿಗೂ ಮೂರು’ ಎಂದು ಬರೆದಾರು. ತಪ್ಪೇನಿಲ್ಲ, ಆದರೆ ಭಾಷೆ ಪುಕ್ಕಟೆಯಾಗಿ ಕೊಡುತ್ತಿದ್ದ ಗಣಿತವೊಂದು ಅಲ್ಲಿ ಕಳೆದುಹೋಗುತ್ತದೆ.

ಮೂರನೆಯದು ಡೆಮಿ ಅವರ ‘ಒನ್ ಗ್ರೇನ್ ಆಫ್ ರೈಸ್’ (1997). ಭಾರತದ ಜನಪದ ಕತೆಯನ್ನು ಆಧರಿಸಿದ ಈ ಕೃತಿಯಲ್ಲಿ ರಾಣಿ ಎಂಬ ಹುಡುಗಿ ಬರಗಾಲದಲ್ಲೂ ಅಕ್ಕಿಯನ್ನು ಕೂಡಿಟ್ಟ ರಾಜನಿಂದ ಒಂದು ಕಾಳನ್ನು, ಅದು ಮೂವತ್ತು ದಿನ ದಿನವೂ ಇಮ್ಮಡಿಯಾಗುವಂತೆ ಬೇಡುತ್ತಾಳೆ. ಕೊನೆಯ ದಿನದ ಅಕ್ಕಿಯನ್ನು ಹೊತ್ತು ತರುವ 256 ಆನೆಗಳಿಗೆ ಪುಟ ಸಾಲದೆ, ಹಾಳೆಯೇ ಮಡಿಕೆ ಬಿಚ್ಚಿಕೊಂಡು ಅಗಲವಾಗುತ್ತದೆ. ಇಮ್ಮಡಿಯ ವೇಗವನ್ನು ಕಾಗದದ ಅಳತೆಯೇ ಹೇಳುವ ಈ ಉಪಾಯ ಯಾವ ಭಾಷೆಗೂ ದಾಟಬಲ್ಲದು. ಅಂಕಿಗಳ ಗತಿ ಹಾಗಲ್ಲ. ಆ ದಿನದ ಕಾಳುಗಳು 536,870,912 ಎಂಬ ಇಂಗ್ಲಿಷ್ ಗುಂಪಿನಲ್ಲಿಯೇ ಕನ್ನಡಕ್ಕೆ ಬಂದರೆ ಮಗು ಅದನ್ನು ಓದುವುದು ಹೇಗೆ? 53,68,70,912 ಎಂದು ವಿಂಗಡಿಸಿದರೆ ಐವತ್ತಮೂರು ಕೋಟಿ ಎಂಬ ಮಾತು ತಾನೇ ಹೊರಡುತ್ತದೆ. ಅಲ್ಪವಿರಾಮದ ಸ್ಥಾನವೂ ಅನುವಾದಕರ ಹೊಣೆಯೇ.

ಈ ಓದಿನಿಂದ ಹೊರಡುವ ಮಾತಿಷ್ಟು: ಚಿತ್ರ ಭಾಷೆಯ ಗಡಿಯನ್ನು ಸುಲಭವಾಗಿ ದಾಟುತ್ತದೆ, ಸಂಖ್ಯಾನುಡಿ ದಾಟುವುದಿಲ್ಲ. ಗಡಿನಾಡಿನಲ್ಲಿ ಇದು ಹೊತ್ತುಹೊತ್ತಿನ ಅನುಭವ. ಕನ್ನಡದಲ್ಲಿ 25 ಎಂದರೆ ಇಪ್ಪತ್ತರ ಮೇಲೆ ಐದು. ಮರಾಠಿಯ ‘ಪಂಚವೀಸ್’ನಲ್ಲಿ ಐದು ಮೊದಲು, ಇಪ್ಪತ್ತು ಆಮೇಲೆ. ಕನ್ನಡದ 29 ಇಪ್ಪತ್ತಕ್ಕೆ ಒಂಬತ್ತನ್ನು ಕೂಡುತ್ತದೆ. ಮರಾಠಿಯ ‘ಏಕೋಣತೀಸ್’ ಮೂವತ್ತರಲ್ಲಿ ಒಂದನ್ನು ಕಳೆಯುತ್ತದೆ. ಕಾಸರಗೋಡಿನ ಮಗು ಮಲಯಾಳಂನಲ್ಲಿ ಕೇಳುವ ‘ತೊಣ್ಣೂರ್’ ತೊಂಬತ್ತೇ ಆದರೂ ಅದರೊಳಗೆ ಧ್ವನಿಸುವುದು ನೂರು. 2019ರಲ್ಲಿ ಮಹಾರಾಷ್ಟ್ರದ ಬಾಲಭಾರತಿ ಸಂಸ್ಥೆ ಎರಡನೆಯ ತರಗತಿಯ ಗಣಿತ ಪಠ್ಯದಲ್ಲಿ ‘ಏಕವೀಸ್’ ಜೊತೆಗೆ ‘ವೀಸ್ ಏಕ್’ ಎಂಬ ರೂಪವನ್ನೂ ತಂದಾಗ ವಿಧಾನಸಭೆಯವರೆಗೂ ವಿವಾದ ಹಬ್ಬಿತು. ಸಂಖ್ಯೆಯ ಹೆಸರು ಬರಿಯ ಹೆಸರಲ್ಲ, ಅದು ಕಲಿಕೆಯ ಪ್ರಶ್ನೆ ಎಂಬುದನ್ನು ಗಣಿತ ಸಮಿತಿ ಬಲ್ಲದ್ದಾಗಿತ್ತು. ಅದು ಭಾಷಾಭಿಮಾನದ ಪ್ರಶ್ನೆಯೂ ಹೌದೆಂಬುದನ್ನು ವಿವಾದ ತೋರಿಸಿತು. ಸಮಿತಿ ಹೊಸದಾಗಿ ತರಲು ಹೊರಟ ಕ್ರಮ ಅಕ್ಕಲಕೋಟೆ, ಜತ್ತ ತಾಲ್ಲೂಕುಗಳ ಕನ್ನಡದ ಮನೆಗಳಲ್ಲಿ ಹಿಂದಿನಿಂದಲೂ ನಡೆದುಬಂದ ಎಣಿಕೆಯ ಕ್ರಮವೇ ಆಗಿತ್ತು ಎಂಬುದು ಆ ಚರ್ಚೆಯ ಬದಿಯಲ್ಲಿ ಉಳಿದ ಸಂಗತಿ.

ಎರಡು ಎಣಿಕೆಗಳ ನಡುವಿನ ಮಗುವನ್ನು ಗೊಂದಲಕ್ಕೆ ಸಿಕ್ಕ ಮಗುವೆಂದೇ ನೋಡುವ ರೂಢಿಯಿದೆ. ಚಿತ್ರಪುಸ್ತಕ ಈ ರೂಢಿಯನ್ನು ತಿರುಗಿಸಬಲ್ಲದು. ಮೂವತ್ತು ಗುಳಿಗಳ ಮೊಟ್ಟೆಯ ಟ್ರೇಯಲ್ಲಿ ಒಂದು ಗುಳಿ ಖಾಲಿಯಿರುವ ಚಿತ್ರವೊಂದನ್ನು ಊಹಿಸಬಹುದು. ತುಂಬಿದ ಗುಳಿಗಳನ್ನು ಎಣಿಸಿದವರಿಗೆ ಅದು ಇಪ್ಪತ್ತೊಂಬತ್ತು, ಖಾಲಿ ಗುಳಿಯನ್ನು ಕಂಡವರಿಗೆ ಏಕೋಣತೀಸ್. ಚಿತ್ರ ಒಂದೇ, ಸಂಖ್ಯೆ ಒಂದೇ, ನೋಟ ಎರಡು. ಕೂಡುವುದೂ ಕಳೆಯುವುದೂ ಒಂದೇ ಸಂಗತಿಯ ಎರಡು ಮುಖಗಳೆಂಬ ತಿಳಿವು ಅಲ್ಲಿ ಭಾಷೆಯಿಂದಲೇ ದೊರೆಯುತ್ತದೆ. ಒಂದೇ ಭಾಷೆಯ ಮಗುವಿಗೆ ಪಾಠ ಮಾಡಿ ಹೇಳಬೇಕಾದದ್ದು ಜತ್ತದ ಮಗುವಿಗೆ ಸಂತೆಯಲ್ಲಿಯೇ ಸಿಕ್ಕಿರುತ್ತದೆ. ಭಿನ್ನರಾಶಿಯ ಮಾತೂ ಹೀಗೆಯೇ. ಕನ್ನಡ, ತಮಿಳು, ಮಲಯಾಳಂಗಳಲ್ಲಿ ‘ಕಾಲು’ ಅಂಗವೂ ಹೌದು, ನಾಲ್ಕನೆಯ ಒಂದು ಪಾಲೂ ಹೌದು. ನಾಲ್ಕು ಕಾಲಿನ ಹಸು, ಮೂರು ಕಾಲಿನ ಮುಕ್ಕಾಲಿ, ಮುಕ್ಕಾಲು ಸೇರು ಹಾಲು ಇವುಗಳ ನಡುವೆ ಚಿತ್ರಕಾರನಿಗೆ ಆಟವಾಡಲು ಬೇಕಾದಷ್ಟು ಜಾಗವಿದೆ. ತೆಲುಗಿನಲ್ಲಿ ಕಾಲು ಭಾಗಕ್ಕೆ ‘ಪಾವು’ ಎನ್ನುವುದರಿಂದ ರಾಯದುರ್ಗದ ಆವೃತ್ತಿಗೆ ಬೇರೆ ಆಟ ಬೇಕಾಗುತ್ತದೆ. ಅಲ್ಲಿ ಕನ್ನಡಿಗರ ಪಾವು, ಸೇರುಗಳ ಅಳತೆಯೇ ನೆರವಿಗೆ ಬಂದೀತು.

ಈಗ ದೊರೆಯುವ ದ್ವಿಭಾಷಾ ಚಿತ್ರಪುಸ್ತಕಗಳ ಮಿತಿ ಇಲ್ಲಿ ಎದ್ದು ಕಾಣುತ್ತದೆ. ಅವು ಸಾಮಾನ್ಯವಾಗಿ ಇಂಗ್ಲಿಷನ್ನು ಒಂದು ಭಾರತೀಯ ಭಾಷೆಯೊಂದಿಗೆ ಜೋಡಿಸುತ್ತವೆ. ಕನ್ನಡ–ಮಲಯಾಳಂ, ಕನ್ನಡ–ಮರಾಠಿ, ಕನ್ನಡ–ತೆಲುಗು, ಕನ್ನಡ–ತಮಿಳು ಜೋಡಿಗಳು ಪ್ರಕಾಶಕರ ಯೋಜನೆಯಲ್ಲಿ ಅಪರೂಪ. ಮನುಷ್ಯವಾಚಕ ಸಂಖ್ಯೆ ತೆಲುಗಿನಲ್ಲಿ ‘ಮುಗ್ಗುರು’, ತಮಿಳಿನಲ್ಲಿ ‘ಮೂವರ್’, ಮರಾಠಿಯಲ್ಲಿ ‘ತಿಘೇ’ ಎಂದು ಉಳಿದಿರುವಾಗ, ಹಂಚಿಕೆಯ ಕತೆಯೊಂದು ಈ ನೆರೆಭಾಷೆಗಳ ಪಕ್ಕದಲ್ಲಿ ಪಡೆಯುವ ಗಣಿತದ ಸ್ಪಷ್ಟತೆಯನ್ನು ಇಂಗ್ಲಿಷಿನ ಪಕ್ಕದಲ್ಲಿ ಪಡೆಯಲಾರದು. ಎರಡು ಸಾಲಿಗೆ ಏಳೇಳು ಗುಳಿಗಳ ಅಳಗುಳಿಮಣೆ ತುಳುನಾಡಿನಲ್ಲಿ ಚೆನ್ನೆಮಣೆ, ತಮಿಳಿನಲ್ಲಿ ಪಲ್ಲಾಂಗುಳಿ, ತೆಲುಗಿನಲ್ಲಿ ವಾಮನಗುಂಟಲು. ಕಾಳು ಬಿತ್ತುತ್ತ ಕೊನೆಯ ಕಾಳು ಯಾವ ಗುಳಿಗೆ ಬೀಳುವುದೆಂದು ಮುಂಗಾಣುವ ಈ ಆಟವನ್ನು ಆಧರಿಸಿದ ಒಂದು ಪುಸ್ತಕ ನಾಲ್ಕು ಗಡಿಗಳಲ್ಲಿ ತನ್ನದೇ ಪುಸ್ತಕವಾಗಿ ಓದಿಸಿಕೊಳ್ಳಬಲ್ಲದು.

ಚಿತ್ರಪುಸ್ತಕದಿಂದ ಏನನ್ನು ನಿರೀಕ್ಷಿಸಬಹುದೆಂಬ ಬಗ್ಗೆಯೂ ಅಳತೆ ತಪ್ಪಬಾರದು. ಮಾರ್ಯಾ ವಾನ್ ಡೆನ್ ಹೂವೆಲ್-ಪಾನ್‌ಹೌಜೆನ್ ಮತ್ತು ಸಂಗಡಿಗರು ನೆದರ್‌ಲ್ಯಾಂಡ್ಸ್‌ನ 18 ಶಾಲೆಗಳ 384 ಶಿಶುವಿಹಾರದ ಮಕ್ಕಳೊಂದಿಗೆ ನಡೆಸಿದ ಅಧ್ಯಯನದಲ್ಲಿ, ಮೂರು ತಿಂಗಳು ಚಿತ್ರಪುಸ್ತಕ ಓದಿಸಿಕೊಂಡ ತರಗತಿಗಳ ಗಣಿತದ ಪ್ರಗತಿ ಉಳಿದ ತರಗತಿಗಳಿಗಿಂತ ಶೇ. 22ರಷ್ಟು ಹೆಚ್ಚಿತ್ತು. ಸಂಖ್ಯಾಶಾಸ್ತ್ರದ ಅಳತೆಯಲ್ಲಿ ಈ ಪರಿಣಾಮ ಚಿಕ್ಕದೇ. ಹುಡುಗಿಯರಲ್ಲಿ ಅದು ಸ್ಪಷ್ಟವಾಗಿ ಕಂಡಿತು, ಹುಡುಗರಲ್ಲಿ ಕಾಣಲಿಲ್ಲ. ಮನೆಮಾತಿನ ವ್ಯತ್ಯಾಸದಿಂದ ಫಲ ಬದಲಾಗಲಿಲ್ಲ ಎಂಬ ಅಂಶ ಗಡಿನಾಡಿನ ಓದುಗರಿಗೆ ಭರವಸೆಯಂತೆ ಕಂಡೀತು. ಆದರೆ ಎರಡು ಸಂಖ್ಯಾವ್ಯವಸ್ಥೆಗಳ ನಡುವೆ ಬೆಳೆಯುವ ಮಗುವಿನ ಬಗ್ಗೆ ಅದೇ ಮಾತನ್ನು ಹೇಳಲು ಬೇರೆ ಅಧ್ಯಯನ ಬೇಕು. ಪುಸ್ತಕ ಶಿಕ್ಷಕರ ಬದಲಿಯಲ್ಲ. ಪ್ರತಿ ಪುಟದಲ್ಲೂ ನಿಲ್ಲಿಸಿ ‘ಎಷ್ಟು, ಹೇಳು’ ಎಂದು ಕೇಳುವ ಕೈಯಲ್ಲಿ ಎಂತಹ ಒಳ್ಳೆಯ ಪುಸ್ತಕವೂ ಪರೀಕ್ಷೆಯಾಗುತ್ತದೆ. ಮಗು ತಾನಾಗಿ ಎಣಿಸತೊಡಗುವವರೆಗೆ ಕಾಯಬಲ್ಲವರ ಕೈಯಲ್ಲಿ ಅದು ಸಂತೋಷವಾಗುತ್ತದೆ.

ಇಷ್ಟಕ್ಕೂ ಪಣದಲ್ಲಿರುವುದು ಗಣಿತದ ಅಂಕಗಳಷ್ಟೇ ಅಲ್ಲ. ಭಾಷಿಕ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಬೋಧನೆಗೆ ಸೌಲಭ್ಯ ಒದಗಿಸಬೇಕೆಂದು ಸಂವಿಧಾನದ 350ಎ ವಿಧಿ 1956ರಿಂದಲೂ ಹೇಳುತ್ತ ಬಂದಿದೆ. ಕೇರಳವೂ ಮಹಾರಾಷ್ಟ್ರವೂ ಕನ್ನಡ ಮಾಧ್ಯಮದ ಪಠ್ಯಗಳನ್ನು ಮುದ್ರಿಸುತ್ತಿವೆ. ಆದರೂ ಕತೆ, ಹಾಡು, ಹಬ್ಬಗಳಿಗೆ ಕನ್ನಡ, ಲೆಕ್ಕ, ವಿಜ್ಞಾನ, ವ್ಯವಹಾರಗಳಿಗೆ ಮತ್ತೊಂದು ಭಾಷೆ ಎಂಬ ಪಾಲುಪಟ್ಟಿ ನೆಲೆನಿಂತರೆ ಪಠ್ಯವಿದ್ದೂ ಭಾಷೆ ಸೊರಗುತ್ತದೆ. ಹನ್ನೆರಡನೆಯ ಶತಮಾನದಲ್ಲಿಯೇ ರಾಜಾದಿತ್ಯ ‘ವ್ಯವಹಾರಗಣಿತ’ವನ್ನು ಬರೆದ ನುಡಿ ಲೆಕ್ಕಕ್ಕೆ ಒಗ್ಗದ ನುಡಿಯಲ್ಲ. ಕತೆಯೂ ಲೆಕ್ಕವೂ ಒಂದೇ ಪುಟದಲ್ಲಿ ಕೂಡುವ ಚಿತ್ರಪುಸ್ತಕ ಆ ಪಾಲುಪಟ್ಟಿಯನ್ನು ಅದು ಬರೆಯಲ್ಪಡುವ ವಯಸ್ಸಿನಲ್ಲಿಯೇ ತಡೆಯಬಲ್ಲ ಕೆಲವೇ ಸಾಧನಗಳಲ್ಲಿ ಒಂದು. ಹಾಗಾಗಬೇಕಾದರೆ ಪುಸ್ತಕ ಬೇರೆ ಭಾಷೆಯ ಗಣಿತಕ್ಕೆ ತೊಡಿಸಿದ ಕನ್ನಡದ ಅಂಗಿಯಾಗಬಾರದು. ‘ಇಬ್ಬರಿಗೆ ಆರಾರು’ ಎಂದು ಹೇಳುವ ಮನೆಯಿಂದಲೇ ಅದು ಹೊರಡಬೇಕು, ನೆರೆಮನೆಯ ಎಣಿಕೆಯನ್ನೂ ಕಿವಿಗೊಟ್ಟು ಕೇಳಬೇಕು.